ಮೈನ್‌ಕ್ರಾಫ್ಟ್‌ನಲ್ಲಿ ಸ್ವಂತ ವೇಷ

ಮೈನ್‌ಕ್ರಾಫ್ಟ್ ಆಟದಲ್ಲಿ ಪಾತ್ರದ ಹೊರರೂಪಕ್ಕೆ ‘ಸ್ಕಿನ್’ ಎನ್ನುತ್ತಾರೆ. ಮುಖ, ಕೂದಲು, ಅಂಗಿ, ಪ್ಯಾಂಟು, ಬೂಟು ಎಲ್ಲ ಇದರೊಳಗೇ ಬಂತು. ಸ್ಕಿನ್ ಬದಲಾಯಿಸಿದ ಮಾತ್ರಕ್ಕೆ ಪಾತ್ರದ ಓಟ ಹೆಚ್ಚುವುದಿಲ್ಲ, ಏಟು ತಡೆಯುವ ಶಕ್ತಿಯೂ ಬರುವುದಿಲ್ಲ, ಬದಲಾಗುವುದು ನೋಟವೊಂದೇ. ಇಂಥವನ್ನು ಆಟಗಾರರು ಕಾಸ್ಮೆಟಿಕ್ಸ್ ಎಂದು ಕರೆಯುತ್ತಾರೆ. ಈಗಿನ ಎಷ್ಟೋ ಆಟಗಳಲ್ಲಿ ಅವನ್ನು ಕಂಪನಿಯ ಅಂಗಡಿಯಿಂದಲೇ ಕೊಳ್ಳಬೇಕು. ಮೈನ್‌ಕ್ರಾಫ್ಟ್ ಮಾತ್ರ ಮೊದಲಿನಿಂದಲೂ ಈ ವಿಷಯದಲ್ಲಿ ಧಾರಾಳಿ. ಆಟವನ್ನು ಒಮ್ಮೆ ಕೊಂಡ ಮೇಲೆ, ಚಿತ್ರ ಬಿಡಿಸುವ ಸಣ್ಣದೊಂದು ತಂತ್ರಾಂಶವಿದ್ದರೆ ಶಾಲೆಗೆ ಹೋಗುವ ಮಕ್ಕಳೂ ತಮ್ಮ ಪಾತ್ರದ ಉಡುಪನ್ನು ತಾವೇ ತಯಾರಿಸಿ ತೊಡಿಸಬಹುದು.

ಸ್ವೀಡನ್ನಿನ ಮಾರ್ಕಸ್ ಪರ್ಸನ್ 2009ರಲ್ಲಿ ಹೊರತಂದ ಈ ಆಟದ ಪೂರ್ಣ ಆವೃತ್ತಿ ಬಂದದ್ದು 2011ರ ನವೆಂಬರ್ 18ರಂದು. 2014ರಲ್ಲಿ ಮೈಕ್ರೋಸಾಫ್ಟ್ ಇದನ್ನು ತಯಾರಿಸುವ ಮೊಜಾಂಗ್ ಕಂಪನಿಯನ್ನು 250 ಕೋಟಿ ಡಾಲರಿಗೆ ಕೊಂಡಿತು. ಆಟಕ್ಕೆ ಈಗ ಎರಡು ಕವಲುಗಳಿವೆ. ಕಂಪ್ಯೂಟರಿನಲ್ಲಿ ಮಾತ್ರ ಓಡುವ ಜಾವಾ ಆವೃತ್ತಿ ಒಂದು. ಮೊಬೈಲ್, ಕನ್ಸೋಲ್, ವಿಂಡೋಸ್ ಎಲ್ಲದರಲ್ಲೂ ಓಡುವ ಬೆಡ್‌ರಾಕ್ ಆವೃತ್ತಿ ಇನ್ನೊಂದು. ವೇಷ ತೊಡಿಸುವ ವಿಧಾನ ಎರಡರಲ್ಲೂ ಬೇರೆ ಬೇರೆ.

ಎರಡಕ್ಕೂ ಅನ್ವಯಿಸುವ ಪ್ರಶ್ನೆ ಒಂದಿದೆ: ಚಿತ್ರದ ಫೈಲು ಎಲ್ಲಿದೆ? ಅದು ಆಟಗಾರನ ಕಂಪ್ಯೂಟರಿನಲ್ಲಷ್ಟೇ ಇದ್ದರೆ ಅಲಂಕಾರ ಅವನ ಕಣ್ಣಿಗೆ ಮಾತ್ರ. ಸರ್ವರಿಗೆ ಹೋಗಿದ್ದರೆ ಜೊತೆಗೆ ಆಡುವವರಿಗೆಲ್ಲ ಕಾಣುತ್ತದೆ. ‘ನನಗೆ ಕಾಣ್ತಿದೆ, ನನ್ನ ಫ್ರೆಂಡಿಗೆ ಕಾಣ್ತಿಲ್ಲ’ ಎಂಬ ಮಕ್ಕಳ ದೂರು ಹೆಚ್ಚಾಗಿ ಹುಟ್ಟುವುದು ಈ ವ್ಯತ್ಯಾಸ ತಿಳಿಯದೆ.

ಸ್ಕಿನ್ ಎಂದರೆ ಉದ್ದ 64, ಅಗಲ 64 ಪಿಕ್ಸೆಲ್‌ಗಳ ಒಂದು ಪಿಎನ್‌ಜಿ ಚಿತ್ರ. ಒಟ್ಟು 4,096 ಚುಕ್ಕಿ, ಅಷ್ಟೇ. ಪಾತ್ರದ ತಲೆ ಎಲ್ಲ ಕಡೆಯೂ 8 ಚುಕ್ಕಿಯ ಘನ. ಮುಂಡ 8 ಅಗಲ, 12 ಎತ್ತರ, 4 ದಪ್ಪ. ಕೈಕಾಲುಗಳು 4 ಅಗಲ, 12 ಎತ್ತರ, 4 ದಪ್ಪ. ಹೀಗೆ ಅಡಿಯಿಂದ ಮುಡಿಯವರೆಗೆ 32 ಚುಕ್ಕಿ. ಈ ಆರು ತುಂಡುಗಳ ಎಲ್ಲ ಮುಖಗಳನ್ನೂ, ರಟ್ಟಿನ ಪೆಟ್ಟಿಗೆಯ ಅಂಟು ಬಿಡಿಸಿ ನೆಲದ ಮೇಲೆ ಹರಡಿದ ಹಾಗೆ, ಒಂದೇ ಚಿತ್ರದಲ್ಲಿ ಚಪ್ಪಟೆಯಾಗಿ ಜೋಡಿಸಿರುತ್ತಾರೆ. ಚಿತ್ರದ ಎಡತುದಿಯಿಂದ 8 ಚುಕ್ಕಿ ಬಲಕ್ಕೆ, ಮೇಲಂಚಿನಿಂದ 8 ಚುಕ್ಕಿ ಕೆಳಕ್ಕೆ ಬಂದರೆ ಮುಖ ಸಿಗುತ್ತದೆ. ಅದರ ಎಡಬಲಕ್ಕೆ ಎರಡು ಕೆನ್ನೆಗಳು, ಆಮೇಲೆ ತಲೆಯ ಹಿಂಭಾಗ, ಮುಖದ ಮೇಲಕ್ಕೆ ನೆತ್ತಿ. ಎರಡೂ ದಿಕ್ಕಿನಲ್ಲಿ 20 ಚುಕ್ಕಿ ದಾಟಿದರೆ ಅಂಗಿಯ ಎದೆಭಾಗ. ಜಾಗ ಗೊತ್ತಿಲ್ಲದೆ ಬಣ್ಣ ಹಚ್ಚಿದರೆ ಮೀಸೆ ಕುತ್ತಿಗೆಯ ಹಿಂದೆ ಬೆಳೆದಿರುತ್ತದೆ.

ಮುಖಕ್ಕೆ ಸಿಗುವುದು 64 ಚುಕ್ಕಿ. ಆಟದ ಜೊತೆಗೇ ಬರುವ ಸ್ಟೀವ್ ಎಂಬ ಪಾತ್ರದ ಒಂದು ಕಣ್ಣಿಗೆ ಎರಡೇ ಚುಕ್ಕಿ: ಒಂದು ಬಿಳಿ, ಒಂದು ಬಣ್ಣದ್ದು. ಇಷ್ಟು ಕಡಿಮೆ ಜಾಗದಲ್ಲಿ ಗೆರೆ ಎಳೆಯಲು ಹೋದರೆ ಕೆಲಸ ಕೆಡುತ್ತದೆ. ಒಂದೇ ಬಣ್ಣದ ಮೂರು ನಾಲ್ಕು ಛಾಯೆಗಳನ್ನು ಅಕ್ಕಪಕ್ಕ ಇಟ್ಟು ನೆರಿಗೆ, ನೆರಳು ತೋರಿಸುವುದೇ ಇಲ್ಲಿಯ ಕಲೆ. ನಮ್ಮ ಕಡೆಯ ಉಡುಪು ತೊಡಿಸುವವರಿಗೆ ಒಂದು ತೊಡಕು ಎದುರಾಗುತ್ತದೆ. ಎರಡು ಕಾಲುಗಳೂ ಬಿಡಿ ಕಂಬಗಳಾದ್ದರಿಂದ ಲುಂಗಿಯೋ ಸೀರೆಯೋ ನಿಂತಾಗ ಚೆಂದ ಕಾಣುತ್ತದೆ, ಪಾತ್ರ ಹೆಜ್ಜೆ ಹಾಕಿದ ಕೂಡಲೇ ನಡುವೆ ಎರಡಾಗಿ ಪ್ಯಾಂಟಾಗಿಬಿಡುತ್ತದೆ. ಕಚ್ಚೆಪಂಚೆಗೆ ಈ ಕಷ್ಟವಿಲ್ಲ.

ಚಿತ್ರದ ಉಳಿದ ಜಾಗದಲ್ಲಿ ಇನ್ನೊಂದು ಪದರವಿದೆ. ಮೈಗಿಂತ ತುಸು ಉಬ್ಬಿಕೊಂಡಂತೆ ಕಾಣುವ ಈ ಹೊರಪದರದಲ್ಲಿ ಟೋಪಿ, ಕನ್ನಡಕ, ಕೋಟು, ಕೂದಲಿನ ಗುಂಗುರು ಮೊದಲಾದುವನ್ನು ಬಿಡಿಸುತ್ತಾರೆ. ಬೇಡದ ಕಡೆ ಪಾರದರ್ಶಕವಾಗಿ ಬಿಟ್ಟರೆ ಒಳಗಿನ ಮೈ ಕಾಣುತ್ತದೆ. ಒಳಪದರವನ್ನು ಹಾಗೆ ಖಾಲಿ ಬಿಡುವಂತಿಲ್ಲ. ಜಾವಾ ಆವೃತ್ತಿಯಲ್ಲಿ ಖಾಲಿ ಬಿಟ್ಟ ಜಾಗ ಕಪ್ಪಾಗಿ ಕಾಣುತ್ತದೆ. 2014ರಲ್ಲಿ 1.8 ಆವೃತ್ತಿ ಬರುವ ತನಕ ಚಿತ್ರದ ಎತ್ತರ 32 ಚುಕ್ಕಿ ಮಾತ್ರ ಇತ್ತು. ಆಗ ಎಡಗೈ ಎಡಗಾಲಿಗೆ ಸ್ವಂತ ಜಾಗವಿರಲಿಲ್ಲ, ಬಲಭಾಗದ ಚಿತ್ರವನ್ನೇ ತಿರುವಿ ಹಾಕುತ್ತಿದ್ದರು. ಒಂದೇ ಕೈಗೆ ಬಳೆ ಅಥವಾ ಗಡಿಯಾರ ತೊಡಿಸಲು ಸಾಧ್ಯವಾದದ್ದು ಆಮೇಲೆಯೇ.

ಇದೇ ಚಿತ್ರದಲ್ಲಿ ಬಹುತೇಕ ಯಾರಿಗೂ ಬೇಡದ ಒಂದು ಮೂಲೆಯಿದೆ. ಅದು ಒಬ್ಬರಿಗಷ್ಟೇ ಮೀಸಲು. ಇಲಿ ಮುಖವಾಡ ತೊಟ್ಟು ವೇದಿಕೆಯೇರುವ ಕೆನಡಾದ ಸಂಗೀತಗಾರ ಡೆಡ್‌ಮೌಸ್ ಮೈನ್‌ಕ್ರಾಫ್ಟ್ ಪ್ರೇಮಿ. ಅವರ ಖಾತೆಯ ಹೆಸರು ಕಂಡರೆ ಪಾತ್ರದ ತಲೆಗೆ ದೊಡ್ಡ ಕಿವಿಗಳನ್ನು ಅಂಟಿಸುವಂತೆ ಆಟದ ಕೋಡಿನಲ್ಲೇ ಬರೆದಿಟ್ಟಿದ್ದಾರೆ. ಕಿವಿಯ ಬಣ್ಣ ಬರುವುದು ಆ ಮೂಲೆಯಿಂದ. ಬೇರೆಯವರು ಅಲ್ಲಿ ಏನು ಬಿಡಿಸಿದರೂ ಕಾಣದು.

ಚಿತ್ರ ಮುಗಿದ ಮೇಲೆ ತೊಡಿಸುವುದು ಐದು ನಿಮಿಷದ ಕೆಲಸ. ಜಾವಾ ಆವೃತ್ತಿಯಲ್ಲಿ ಆಟ ಶುರುಮಾಡುವ ಲಾಂಚರ್ ತೆರೆದು, ‘ಸ್ಕಿನ್ಸ್’ ವಿಭಾಗಕ್ಕೆ ಹೋಗಿ, ಹೊಸ ಸ್ಕಿನ್ ಸೇರಿಸುವ ಗುಂಡಿ ಒತ್ತಿ ಫೈಲನ್ನು ತೋರಿಸಬೇಕು. ಆಗ ಮೈಕಟ್ಟು ಯಾವುದೆಂದು ಕೇಳುತ್ತದೆ. ‘ಕ್ಲಾಸಿಕ್’ ಎಂದರೆ ಸ್ಟೀವ್‌ನ ಹಾಗೆ 4 ಚುಕ್ಕಿ ಅಗಲದ ತೋಳು. ‘ಸ್ಲಿಮ್’ ಎಂದರೆ ಆಟದ ಇನ್ನೊಂದು ಸಿದ್ಧ ಪಾತ್ರವಾದ ಅಲೆಕ್ಸ್‌ನ ಹಾಗೆ 3 ಚುಕ್ಕಿಯ ತೆಳು ತೋಳು. ತೆಳು ತೋಳಿಗೆಂದು ಬಿಡಿಸಿದ ಚಿತ್ರವನ್ನು ಅಗಲ ತೋಳಿಗೆ ತೊಡಿಸಿದರೆ ಕೈಯುದ್ದಕ್ಕೂ ಕಪ್ಪು ಪಟ್ಟಿ ಮೂಡುತ್ತದೆ. ಅದನ್ನು ಚಿತ್ರದ ದೋಷವೆಂದು ತಿಳಿದು ಮತ್ತೆ ಮತ್ತೆ ತಿದ್ದುತ್ತ ಕೂರುವವರಿದ್ದಾರೆ. ಆಯ್ಕೆ ಬದಲಿಸಿದರೆ ಸಾಕು. ಕೊನೆಗೆ ಉಳಿಸಿ ಬಳಸುವ ಗುಂಡಿ ಒತ್ತಿದರೆ ಆಯಿತು.

ಫೈಲನ್ನು ಆಟ ಒಪ್ಪದಿದ್ದರೆ, ಅಥವಾ ಒಪ್ಪಿದರೂ ಬಣ್ಣ ಕಲಸಿಕೊಂಡಂತೆ ಕಂಡರೆ, ಸಾಮಾನ್ಯವಾಗಿ ತಪ್ಪು ಫೈಲನ್ನು ಉಳಿಸಿದ ಅಥವಾ ಕಳಿಸಿದ ರೀತಿಯಲ್ಲಿರುತ್ತದೆ. ಗೆಳೆಯ ಬಿಡಿಸಿದ ಸ್ಕಿನ್ನನ್ನು ವಾಟ್ಸ್ಆ್ಯಪ್‌ನಲ್ಲಿ ಫೋಟೋ ಎಂದು ತರಿಸಿಕೊಂಡರೆ ಅದು ದಾರಿಯಲ್ಲೇ ಜೆಪೆಗ್ ಆಗಿ ಮಾರ್ಪಟ್ಟು, ಪಾರದರ್ಶಕ ಭಾಗಗಳನ್ನು ಕಳೆದುಕೊಂಡಿರುತ್ತದೆ. ಅದರ ಹೆಸರಿನ ಬಾಲವನ್ನು ಪಿಎನ್‌ಜಿ ಎಂದು ತಿದ್ದಿದರೆ ಪ್ರಯೋಜನವಿಲ್ಲ. ‘ಡಾಕ್ಯುಮೆಂಟ್’ ಎಂದು ಕಳಿಸಿದರೆ ಫೈಲು ಇದ್ದಂತೆಯೇ ತಲುಪುತ್ತದೆ. ಚಿತ್ರದ ಅಳತೆ ಬದಲಿಸುವಾಗ ತಂತ್ರಾಂಶ ಅಂಚುಗಳನ್ನು ತಾನಾಗಿ ನಯಗೊಳಿಸಿದರೂ ಇದೇ ಗತಿ.

ತೊಡಿಸಿದ ಸ್ಕಿನ್ ಆಟಗಾರನ ಕಂಪ್ಯೂಟರಿನಲ್ಲಿ ಉಳಿಯದೆ ಮೊಜಾಂಗ್‌ನ ಸರ್ವರಿಗೆ ಹೋಗುತ್ತದೆ. ಅಲ್ಲಿ ಅದಕ್ಕೆ ಉದ್ದನೆಯ ಸಂಖ್ಯಾಕ್ಷರಗಳ ವಿಳಾಸವೊಂದು ಸಿಗುತ್ತದೆ. ಆಟಗಾರ ಯಾವುದಾದರೂ ಆಟದಂಗಳಕ್ಕೆ, ಅಂದರೆ ಹಲವರು ಸೇರಿ ಆಡುವ ಸರ್ವರಿಗೆ, ಕಾಲಿಟ್ಟಾಗ ಅವನ ಹೆಸರಿನೊಂದಿಗೆ ಈ ವಿಳಾಸವೂ, ಅದು ಅಸಲಿ ಎನ್ನುವುದಕ್ಕೆ ಕಂಪನಿಯ ಡಿಜಿಟಲ್ ಸಹಿಯೂ ಉಳಿದವರಿಗೆ ತಲುಪುತ್ತವೆ. ಅವರವರ ಕಂಪ್ಯೂಟರುಗಳು ಆ ವಿಳಾಸದಿಂದ ಚಿತ್ರ ತರಿಸಿಕೊಂಡು ಪಾತ್ರಕ್ಕೆ ಹೊದಿಸುತ್ತವೆ. ಆದ್ದರಿಂದಲೇ ಆಟದ ನಡುವೆ ಸ್ಕಿನ್ ಬದಲಿಸಿದರೆ ಉಳಿದವರಿಗೆ ಹಳೆಯದೇ ಕಾಣುತ್ತಿರುತ್ತದೆ. ಹೊರಬಂದು ಮತ್ತೆ ಸೇರಬೇಕು. ಖಾತೆಯನ್ನು ಪರಿಶೀಲಿಸದ ಖಾಸಗಿ ಸರ್ವರುಗಳಲ್ಲಿ ಈ ಸರಪಳಿ ತುಂಡಾಗಿರುವುದರಿಂದ ಸಿದ್ಧ ವೇಷಗಳಲ್ಲಿ ಒಂದು ಬಂದು ಕೂರುತ್ತದೆ. ಮೊದಲು ಸ್ಟೀವ್, ಅಲೆಕ್ಸ್ ಇಬ್ಬರೇ ಇದ್ದರು. 2022ರ ಕೊನೆಗೆ ನೂರ್, ಸನ್ನಿ, ಅರಿ, ಜೂರಿ, ಮಕೇನಾ, ಕೈ, ಎಫೆ ಸೇರಿ ಒಂಬತ್ತಾದರು.

ಬೆಡ್‌ರಾಕ್ ಆವೃತ್ತಿಯಲ್ಲಿ ಈ ಕೆಲಸವೆಲ್ಲ ಆಟದೊಳಗಿನ ‘ಡ್ರೆಸಿಂಗ್ ರೂಮ್’ನಲ್ಲಿ ನಡೆಯುತ್ತದೆ. ಮೊಬೈಲಿನಲ್ಲೂ ವಿಂಡೋಸ್‌ನಲ್ಲೂ ಸ್ವಂತ ಫೈಲು ಹಾಕಲು ಅಲ್ಲಿ ಅವಕಾಶವಿದೆ. ಪ್ಲೇಸ್ಟೇಷನ್, ಎಕ್ಸ್‌ಬಾಕ್ಸ್, ನಿಂಟೆಂಡೊ ಸ್ವಿಚ್‌ಗಳಲ್ಲಿ ಇಲ್ಲ. ಆಟದಲ್ಲಿ ಬಂದದ್ದೋ ಅಂಗಡಿಯಲ್ಲಿ ಸಿಕ್ಕಿದ್ದೋ ಅಷ್ಟೇ ಗತಿ. ‘ನಂಬಿಕಸ್ಥ ಸ್ಕಿನ್‌ಗಳು ಮಾತ್ರ’ ಎಂಬರ್ಥದ ಆಯ್ಕೆಯೊಂದು ಸೆಟ್ಟಿಂಗ್ಸ್‌ನಲ್ಲಿದೆ. ಅದನ್ನು ಯಾರು ಆನ್ ಮಾಡಿಕೊಂಡಿದ್ದಾರೋ ಅವರಿಗೆ ಬೇರೆಯವರ ಕೈಚಿತ್ರದ ವೇಷಗಳು ಕಾಣುವುದಿಲ್ಲ. ಚಿಕ್ಕ ಮಕ್ಕಳಿರುವ ಮನೆಯಲ್ಲಿ ಇದು ಉಪಯುಕ್ತ.

ಮೈಯ ವೇಷ ಬಿಟ್ಟು ಕತ್ತಿ, ರಕ್ಷಾಕವಚ, ಇಟ್ಟಿಗೆ, ಹುಲ್ಲುಗಳ ನೋಟ ಬದಲಿಸಲು ರಿಸೋರ್ಸ್ ಪ್ಯಾಕ್ ಎಂಬ ಫೈಲುಗಳ ಕಟ್ಟು ಬೇಕು. 2013ರ 1.6 ಆವೃತ್ತಿಯಿಂದ ಈ ಹೆಸರು ಬಂತು. ಜಾವಾ ಆವೃತ್ತಿಯಲ್ಲಿ ಇದರ ಕೀಲಿಕೈ ಫೈಲಿನ ಹೆಸರು ಮತ್ತು ಜಾಗ. ವಜ್ರದ ಕತ್ತಿಯ ಚಿತ್ರ ಆಟದೊಳಗೆ ಅಸೆಟ್ಸ್, ಅದರೊಳಗೆ ಮೈನ್‌ಕ್ರಾಫ್ಟ್, ಅದರೊಳಗೆ ಟೆಕ್ಸ್‌ಚರ್ಸ್, ಅದರೊಳಗೆ ಐಟಂ ಎಂಬ ಫೋಲ್ಡರಿನಲ್ಲಿ ‘ಡೈಮಂಡ್_ಸ್ವೋರ್ಡ್’ ಎಂಬ ಹೆಸರಿನಲ್ಲಿದೆ. ಉದ್ದಗಲ 16 ಚುಕ್ಕಿ. ಸ್ವಂತ ಪ್ಯಾಕಿನಲ್ಲೂ ಅದೇ ಫೋಲ್ಡರುಗಳನ್ನು ಅದೇ ಕ್ರಮದಲ್ಲಿ ಮಾಡಿ, ಅದೇ ಹೆಸರಿನ ಹೊಸ ಚಿತ್ರವಿಟ್ಟರೆ ಆಟ ಹಳೆಯದನ್ನು ಬಿಟ್ಟು ಹೊಸದನ್ನು ತೋರಿಸುತ್ತದೆ. ಎಲ್ಲ ಹೆಸರೂ ಇಂಗ್ಲಿಷಿನ ಸಣ್ಣಕ್ಷರಗಳಲ್ಲೇ ಇರಬೇಕು. ಜೊತೆಗೆ ‘ಪ್ಯಾಕ್.ಎಂಸಿಮೆಟಾ’ ಎಂಬ ಪುಟ್ಟ ಪಠ್ಯ ಫೈಲು ಕಡ್ಡಾಯ. ಪ್ಯಾಕಿನ ವಿವರಣೆ ಮತ್ತು ಅದು ಆಟದ ಯಾವ ಆವೃತ್ತಿಗೆಂದು ತಿಳಿಸುವ ಸಂಖ್ಯೆ ಅದರಲ್ಲಿರುತ್ತವೆ, 1.20 ಆವೃತ್ತಿಗೆ ಆ ಸಂಖ್ಯೆ 15. ಸಂಖ್ಯೆ ಹೊಂದದಿದ್ದರೆ ಆಟ ಎಚ್ಚರಿಸುತ್ತದೆ.

ಇದೆಲ್ಲವನ್ನೂ ಜಿಪ್ ಮಾಡಿ ಆಟದ ‘ರಿಸೋರ್ಸ್‌ಪ್ಯಾಕ್ಸ್’ ಫೋಲ್ಡರಿಗೆ ಹಾಕಿ, ಆಟದ ಆಯ್ಕೆಗಳಲ್ಲಿ ಬಲಬದಿಯ ಪಟ್ಟಿಗೆ ಸರಿಸಬೇಕು. ಒಂದಕ್ಕಿಂತ ಹೆಚ್ಚು ಪ್ಯಾಕ್‌ಗಳಿದ್ದರೆ ಪಟ್ಟಿಯಲ್ಲಿ ಮೇಲಿರುವುದರ ಮಾತೇ ನಡೆಯುತ್ತದೆ. ಪ್ಯಾಕ್ ಪಟ್ಟಿಯಲ್ಲೇ ಕಾಣದಿದ್ದರೆ ಎರಡು ಕಡೆ ನೋಡಬೇಕು. ಹೊರಗಿನ ಫೋಲ್ಡರನ್ನೇ ಜಿಪ್ ಮಾಡಿದ್ದರಿಂದ ಎಂಸಿಮೆಟಾ ಫೈಲು ಒಂದು ಮೆಟ್ಟಿಲು ಒಳಗೆ ಸೇರಿಕೊಂಡಿರಬಹುದು. ಇಲ್ಲವೇ ನೋಟ್‌ಪ್ಯಾಡ್ ಆ ಹೆಸರಿನ ಹಿಂದೆ ‘ಟಿಎಕ್ಸ್‌ಟಿ’ ಎಂಬ ಬಾಲ ಅಂಟಿಸಿ, ವಿಂಡೋಸ್ ಅದನ್ನು ಮರೆಮಾಡಿರಬಹುದು. ಕಪ್ಪು ನೇರಳೆ ಚೌಕಗಳು ಕಂಡರೆ ಕೇಳಿದ ಚಿತ್ರ ಆಟಕ್ಕೆ ಸಿಗಲಿಲ್ಲ ಎಂದರ್ಥ.

ರಿಸೋರ್ಸ್ ಪ್ಯಾಕಿನಿಂದ ಆಟದ ಸದ್ದು ಮತ್ತು ಮಾತುಗಳನ್ನೂ ಬದಲಿಸಬಹುದು. ಜಾವಾ ಆವೃತ್ತಿಯ ಭಾಷಾಪಟ್ಟಿಯಲ್ಲಿ ಕನ್ನಡವೂ ಇದೆ. ಅನುವಾದ ಕ್ರೌಡಿನ್ ತಾಣದಲ್ಲಿ ಸ್ವಯಂಸೇವಕರು ಮಾಡಿದ್ದು. ಯಾವುದಾದರೂ ವಸ್ತುವಿನ ಕನ್ನಡ ಹೆಸರು ಹಿಡಿಸದಿದ್ದರೆ ಪ್ಯಾಕಿನ ಭಾಷಾ ಫೈಲಿನಲ್ಲಿ ತಮಗೆ ಬೇಕಾದ ಹೆಸರು ಬರೆದುಕೊಳ್ಳಬಹುದು.

ಆದರೆ ಈ ಪ್ಯಾಕ್ ಕಂಪನಿಯ ಸರ್ವರಿಗೆ ಹೋಗುವುದಿಲ್ಲ. ಒಬ್ಬನ ಕೈಯಲ್ಲಿ ಬೆಳ್ಳಿಯ ಖಡ್ಗವಾಗಿ ಕಂಡದ್ದು ಎದುರಾಳಿಗೆ ಮಾಮೂಲಿ ವಜ್ರದ ಕತ್ತಿಯೇ. ಎಲ್ಲರಿಗೂ ಒಂದೇ ನೋಟ ಬೇಕಾದರೆ ಸರ್ವರ್ ನಡೆಸುವವರು ತಮ್ಮ ಪ್ಯಾಕಿನ ಕೊಂಡಿಯನ್ನು ಸರ್ವರಿನ ಸೆಟ್ಟಿಂಗ್ಸ್‌ನಲ್ಲಿ ಕೊಡಬೇಕು. ಆಗ ಒಳಬರುವವರಿಗೆಲ್ಲ ‘ಡೌನ್‌ಲೋಡ್ ಮಾಡಿಕೊಳ್ಳುವಿರಾ’ ಎಂಬ ಪ್ರಶ್ನೆ ಬರುತ್ತದೆ. ಒಪ್ಪದವರನ್ನು ಒಳಗೆ ಬಿಡದಿರಲೂ ಸಾಧ್ಯ. ದೊಡ್ಡ ಸರ್ವರುಗಳಲ್ಲಿ ಕಾಣುವ ಕಿರೀಟ, ಕೊಂಬುಗಳ ಗುಟ್ಟು ಇದೇ. ತಲೆಗೆ ತೊಡಬಹುದಾದ, ಕೊರೆದ ಕುಂಬಳಕಾಯಿಯಂಥ ಮಾಮೂಲಿ ವಸ್ತುವೊಂದಕ್ಕೆ ಸರ್ವರ್ ಗುರುತಿನ ಸಂಖ್ಯೆ ಹಚ್ಚುತ್ತದೆ. ಆ ಸಂಖ್ಯೆ ಕಂಡಾಗ ಕುಂಬಳಕಾಯಿಯ ಬದಲು ಕಿರೀಟ ತೋರಿಸು ಎಂದು ಪ್ಯಾಕ್ ಹೇಳುತ್ತದೆ. 2019ರ 1.14 ಆವೃತ್ತಿಯಿಂದ ಈ ಸೌಲಭ್ಯ ಬಂದ ಮೇಲೆ ಆಟದ ಕೋಡ್ ಮುಟ್ಟದೆಯೇ ಹೊಸ ಹೊಸ ಆಭರಣಗಳ ಸುಗ್ಗಿಯಾಯಿತು.

ಇಷ್ಟೆಲ್ಲ ಬಿಟ್ಟುಕೊಟ್ಟ ಕಂಪನಿ ಬಿಗಿಹಿಡಿದದ್ದು ಬೆನ್ನಿನ ಮೇಲೆ ತೂಗುವ ‘ಕೇಪ್’ ಒಂದನ್ನು. ಜಾವಾ ಆವೃತ್ತಿಯಲ್ಲಿ ಅದನ್ನು ಸ್ವಂತವಾಗಿ ಬಿಡಿಸಿ ಹಾಕಲು ಬರುವುದಿಲ್ಲ. 2011ರಲ್ಲಿ ಲಾಸ್ ವೇಗಸ್‌ನಲ್ಲಿ ನಡೆದ ಮೈನ್‌ಕಾನ್ ಸಮ್ಮೇಳನಕ್ಕೆ ಬಂದವರಿಗೆ ಕೊಟ್ಟ ಕೇಪ್ ಇವತ್ತಿಗೂ ಹಳಬರ ಗುರುತು. 2014ರ ನಿಯಮ ಸ್ಪಷ್ಟೀಕರಣದಲ್ಲಿ, ಸರ್ವರ್ ನಡೆಸುವವರು ಆಟದಲ್ಲಿ ಮೇಲುಗೈ ಕೊಡುವ ವಸ್ತುಗಳನ್ನು ಮಾರುವಂತಿಲ್ಲ, ಅಲಂಕಾರದವನ್ನು ಮಾರಬಹುದು, ಆದರೆ ಕೇಪ್ ಮಾರುವಂತಿಲ್ಲ ಎಂದೇ ಮೊಜಾಂಗ್ ಹೇಳಿತು. ಆಪ್ಟಿಫೈನ್ ಎಂಬ ಹೊರಗಿನ ತಂತ್ರಾಂಶ ದೇಣಿಗೆ ಕೊಟ್ಟವರಿಗೆ ತನ್ನದೇ ಕೇಪ್ ಕೊಡುತ್ತದೆ. ಅದು ಆಪ್ಟಿಫೈನ್ ಹಾಕಿಕೊಂಡವರಿಗಷ್ಟೇ ಕಾಣುತ್ತದೆ. ಬೆಡ್‌ರಾಕ್‌ನಲ್ಲಿ 2017ರಿಂದ ‘ಮಾರ್ಕೆಟ್‌ಪ್ಲೇಸ್’ ಎಂಬ ಅಂಗಡಿಯಿದೆ. ಕಂಪನಿ ಒಪ್ಪಿದ ತಯಾರಕರ ಸ್ಕಿನ್ ಮತ್ತು ಪ್ಯಾಕ್‌ಗಳನ್ನು ಅಲ್ಲಿ ‘ಮೈನ್‌ಕಾಯಿನ್’ ಕೊಟ್ಟು ಕೊಳ್ಳಬೇಕು, ಆ ನಾಣ್ಯಗಳನ್ನು ನಿಜವಾದ ದುಡ್ಡಿಗೆ. ಕೈಯಾರೆ ಬಿಡಿಸುವ ಸುಖ ಗೊತ್ತಿದ್ದವರಿಗೆ ಇದು ಸಪ್ಪೆ ಎನಿಸಿದರೆ ಆಶ್ಚರ್ಯವಿಲ್ಲ.

ಸ್ಕಿನ್, ಪ್ಯಾಕ್‌ಗಳನ್ನು ಹೊರಗಿನಿಂದ ಇಳಿಸಿಕೊಳ್ಳುವಾಗ ಫೈಲಿನ ಬಾಲ ನೋಡುವ ಅಭ್ಯಾಸ ಬೇಕು. ಸ್ಕಿನ್ ಆದರೆ ಪಿಎನ್‌ಜಿ, ಜಾವಾ ಪ್ಯಾಕ್ ಆದರೆ ಜಿಪ್. ‘ಇಎಕ್ಸ್‌ಇ’ ಎಂದು ಕೊನೆಗೊಳ್ಳುವ ಸ್ಕಿನ್ ಇರುವುದೇ ಇಲ್ಲ. 2018ರ ಏಪ್ರಿಲ್‌ನಲ್ಲಿ ಅವಾಸ್ಟ್ ಎಂಬ ಭದ್ರತಾ ಸಂಸ್ಥೆ, ಕೆಲವು ಸ್ಕಿನ್ ಚಿತ್ರಗಳ ಫೈಲಿನೊಳಗೆ ಹಾರ್ಡ್ ಡಿಸ್ಕ್ ಅಳಿಸುವ ಕೋಡ್ ಸೇರಿಸಿ ಹರಿಬಿಟ್ಟಿರುವುದನ್ನು ಬಯಲು ಮಾಡಿತು. ಆಟ ತಾನಾಗಿ ಆ ಕೋಡನ್ನು ಓಡಿಸುವುದಿಲ್ಲ ಎಂದ ಮೊಜಾಂಗ್, ಅಪ್‌ಲೋಡ್ ಆಗುವ ಚಿತ್ರಗಳಿಂದ ಬಣ್ಣದ ಮಾಹಿತಿ ಬಿಟ್ಟು ಉಳಿದದ್ದನ್ನು ಕತ್ತರಿಸುವ ವ್ಯವಸ್ಥೆ ಮಾಡಿತು. ಹೆಚ್ಚು ಎಚ್ಚರ ಬೇಕಾದದ್ದು ಆಟವನ್ನೇ ಮಾರ್ಪಡಿಸುವ ಮಾಡ್‌ಗಳ ವಿಷಯದಲ್ಲಿ. ಅವು ಚಿತ್ರಗಳಲ್ಲ, ಕಂಪ್ಯೂಟರಿನಲ್ಲಿ ಓಡುವ ಪ್ರೋಗ್ರಾಂಗಳು. 2023ರ ಜೂನ್‌ನಲ್ಲಿ ಹೆಸರುವಾಸಿ ಕರ್ಸ್‌ಫೋರ್ಜ್ ತಾಣದಲ್ಲೇ ಕೆಲವು ಮಾಡ್‌ಗಳೊಳಗೆ ‘ಫ್ರಾಕ್ಚರೈಸರ್’ ಎಂಬ ಕುತಂತ್ರಾಂಶ ಸೇರಿಕೊಂಡಿತ್ತು. ಬರೀ ವೇಷ ಬದಲಿಸಲು ಯಾವ ಮಾಡ್ ಕೂಡ ಬೇಕಿಲ್ಲ, ಖಾತೆಯ ಪಾಸ್‌ವರ್ಡನ್ನು ಬೇರೆ ತಾಣಕ್ಕೆ ಕೊಡುವ ಅಗತ್ಯವೂ ಇಲ್ಲ.