ನಿಮಗಿದು ಗೊತ್ತೇ? ಕೂತು ದುಡಿಯುವವರ ಬೆನ್ನಿನ ಕಥೆ

ಬೆಳಿಗ್ಗೆ ಏಳುವಾಗ ನಾವು ಹಿಂದಿನ ರಾತ್ರಿಗಿಂತ ಸುಮಾರು ಒಂದು ಸೆಂಟಿಮೀಟರ್ ಎತ್ತರ ಇರುತ್ತೇವೆ! ಬೆನ್ನುಮೂಳೆಯ ಮಣಿಗಳ ನಡುವೆ 23 ಡಿಸ್ಕ್‌ಗಳಿವೆ. ಹಗಲಿಡೀ ಮೈಭಾರ ಬಿದ್ದು ಅವುಗಳ ನೀರಿನಂಶ ಹೊರಹೋಗುತ್ತದೆ. ಮಲಗಿದಾಗ ಮತ್ತೆ ಹೀರಿಕೊಂಡು ಉಬ್ಬುತ್ತವೆ.

ದೊಡ್ಡವರ ಡಿಸ್ಕ್‌ನ ಒಳಗೆ ರಕ್ತನಾಳಗಳೇ ಇರುವುದಿಲ್ಲ. ಅದರ ಆಹಾರವೆಲ್ಲ ಅಕ್ಕಪಕ್ಕದ ಮೂಳೆಯಿಂದ ಜಿನುಗಿಯೇ ಬರಬೇಕು. ಭಾರ ಬಿದ್ದು, ತಗ್ಗಿ, ಮತ್ತೆ ಬೀಳುತ್ತಿದ್ದರೆ ಈ ದ್ರವದ ಓಡಾಟ ಸಲೀಸು. ಹಾಗಾಗಿ ಎಷ್ಟೇ ನೆಟ್ಟಗೆ ಕೂತರೂ, ಅಲುಗಾಡದೆ ಮೂರು ತಾಸು ಕೂತರೆ ಬೆನ್ನಿಗೆ ಸುಖವಿಲ್ಲ. ಅರ್ಧ ಗಂಟೆಗೊಮ್ಮೆ ಎದ್ದು ನೀರು ಕುಡಿದು ಬನ್ನಿ. ಫೋನ್ ಬಂದರೆ ನಿಂತೇ ಮಾತಾಡಿ. ದುಬಾರಿ ಕುರ್ಚಿಗಿಂತ ಇದೇ ಮೇಲು.

ನಿಂತಾಗ ಕಾಲಿಗೆ ಕಷ್ಟ, ಕೂತರೆ ಬೆನ್ನಿಗೆ ಆರಾಮ ಅಂದುಕೊಂಡಿದ್ದೀರಾ? 1960ರ ದಶಕದಲ್ಲಿ ಸ್ವೀಡನ್ನಿನ ಮೂಳೆ ವೈದ್ಯ ಆಲ್ಫ್ ನಾಖೆಮ್ಸನ್ ಸೊಂಟದ ಡಿಸ್ಕ್‌ಗೆ ಸೂಜಿ ಚುಚ್ಚಿ ಒತ್ತಡ ಅಳೆದರು. ಒರಗದೆ ಕೂತಾಗ ನಿಂತದ್ದಕ್ಕಿಂತ ಹೆಚ್ಚು, ಮುಂದಕ್ಕೆ ಬಾಗಿ ಕೂತಾಗ ಇನ್ನೂ ಹೆಚ್ಚು ಒತ್ತಡ ಕಂಡುಬಂತು.

2006ರಲ್ಲಿ ಸ್ಕಾಟ್ಲೆಂಡಿನ ಅಬರ್ಡೀನ್‌ನಲ್ಲಿ 22 ಮಂದಿಯನ್ನು ಬೇರೆ ಬೇರೆ ಭಂಗಿಯಲ್ಲಿ ಕೂರಿಸಿ ಎಂಆರ್‌ಐ ತೆಗೆದರು. ಬೆನ್ನಿಗೆ ಹಿತವೆನಿಸಿದ್ದು ತೊಡೆ, ಬೆನ್ನಿನ ನಡುವಿನ 90 ಡಿಗ್ರಿಯಲ್ಲ, ಹಿಂದಕ್ಕೆ ಒರಗಿದ 135 ಡಿಗ್ರಿ.

ಲ್ಯಾಪ್‌ಟಾಪ್‌ನ ದೋಷ ಅದರ ರಚನೆಯಲ್ಲೇ ಇದೆ. ಪರದೆ, ಕೀಲಿಮಣೆ ಎರಡೂ ಒಂದಕ್ಕೊಂದು ಅಂಟಿಕೊಂಡಿವೆ. ಮೊಣಕೈಗೆ ಸರಿಯಾಗಿ ಕೆಳಗಿಟ್ಟರೆ ಕತ್ತು ಬಗ್ಗುತ್ತದೆ, ಕಣ್ಣಿಗೆ ಸರಿಯಾಗಿ ಮೇಲಿಟ್ಟರೆ ಭುಜ ಎತ್ತಿಯೇ ಟೈಪ್ ಮಾಡಬೇಕು. ಪರದೆಯ ಮೇಲಂಚು ಕಣ್ಣಿನ ಮಟ್ಟಕ್ಕೆ ಬರುವಂತೆ ನಾಲ್ಕು ದಪ್ಪ ಪುಸ್ತಕಗಳ ಮೇಲಿಡಿ, ಬೇರೆ ಕೀಬೋರ್ಡ್ ಜೋಡಿಸಿ. ಇಷ್ಟು ಮಾಡಿದರೇ ಕತ್ತಿನ ಅರ್ಧ ತಾಪತ್ರಯ ತಪ್ಪುತ್ತದೆ.

ಹಿಂಬದಿ ಜೇಬಿನಲ್ಲಿ ಉಬ್ಬಿದ ಪರ್ಸ್ ಇಟ್ಟು ಕೂರುತ್ತೀರಾ? ಸೊಂಟ ಒಂದು ಕಡೆ ವಾಲುತ್ತದೆ, ಕಾಲಿಗೆ ಇಳಿಯುವ ನರ ಒತ್ತಿಕೊಳ್ಳುತ್ತದೆ. ಮೊದಲು ತೆಗೆದು ಮೇಜಿನ ಮೇಲಿಡಿ.

ಕೂತು ದುಡಿಯುವವರ ಈ ನೋವು ಕಂಪ್ಯೂಟರ್ ತಂದ ರೋಗವಲ್ಲ. ಇಟಲಿಯ ವೈದ್ಯ ಬರ್ನಾರ್ಡಿನೊ ರಮಜ್ಜೀನಿ 1713ರಲ್ಲೇ ಗುಮಾಸ್ತರ ಕಾಯಿಲೆಗೆ ಮೂರು ಕಾರಣ ಬರೆದಿಟ್ಟರು: ಸದಾ ಕೂತಿರುವುದು, ಕೈಯನ್ನು ಒಂದೇ ಸಮನೆ ಆಡಿಸುವುದು, ಲೆಕ್ಕ ತಪ್ಪೀತೆಂಬ ಆತಂಕ.

ಸದಾ ಕೂತಿರುವುದು ಬೆನ್ನಿಗಷ್ಟೇ ಅಲ್ಲ, ಹೃದಯಕ್ಕೂ ಒಳ್ಳೆಯದಲ್ಲ. 1953ರಲ್ಲಿ ಬ್ರಿಟನ್ನಿನ ವೈದ್ಯ ಜೆರೆಮಿ ಮಾರಿಸ್ ಲಂಡನ್ನಿನ ಎರಡಂತಸ್ತಿನ ಬಸ್ಸುಗಳ ಸಿಬ್ಬಂದಿಯ ಅಧ್ಯಯನ ಪ್ರಕಟಿಸಿದರು. ದಿನವಿಡೀ ಮಹಡಿ ಹತ್ತಿಳಿಯುವ ಕಂಡಕ್ಟರ್‌ಗಳಿಗಿಂತ ಕೂತೇ ಇರುವ ಡ್ರೈವರ್‌ಗಳಲ್ಲಿ ಹೃದ್ರೋಗ ಹೆಚ್ಚಿತ್ತು.

ಹಾಗಂತ ದಿನವಿಡೀ ನಿಂತಿರುವುದೂ ಶಿಕ್ಷೆಯೇ. ನಿಂತು ದುಡಿಯುವ ಕಾರ್ಮಿಕರಿಗೆ ಕೂರಲು ವ್ಯವಸ್ಥೆ ಇರಬೇಕೆಂದು ನಮ್ಮ ದೇಶದ 1948ರ ಕಾರ್ಖಾನೆಗಳ ಕಾಯ್ದೆಯ 44ನೇ ಕಲಂ ಹೇಳಿತ್ತು. ಅಂಗಡಿಗಳಲ್ಲಿ ದುಡಿಯುವವರಿಗೂ ಈ ಹಕ್ಕು ಬೇಕೆಂದು ಕೇರಳದ ಜವಳಿ ಅಂಗಡಿಗಳ ಹೆಣ್ಣುಮಕ್ಕಳು ಹೋರಾಡಿದರು. 2018ರಲ್ಲಿ ಅಲ್ಲಿನ ಕಾನೂನು ಬದಲಾಯಿತು. 2021ರಲ್ಲಿ ತಮಿಳುನಾಡೂ ಅದೇ ದಾರಿ ಹಿಡಿಯಿತು. ನೀವು ಅಂಗಡಿ ನಡೆಸುವವರಾದರೆ ಯಾವ ಕಾನೂನಿಗೂ ಕಾಯಬೇಡಿ, ಕೌಂಟರಿನ ಹಿಂದೆ ನಾಳೆಯೇ ಸ್ಟೂಲ್ ಹಾಕಿಸಿ.