ಅಗ್ರಹಾರಕ್ಕೆ ಬಂದ ಕತ್ತೆ: ಜಾನ್ ಅಬ್ರಹಾಮರ ಚಿತ್ರಜೀವನ

ಚಲಚ್ಚಿತ್ರವೆಂದೊಡನೆ ಅಪಾರವಾದ ಬಂಡವಾಳವೂ ಅದನ್ನು ಹೂಡತಕ್ಕ ಧನಿಕರೂ ನಮ್ಮ ಕಣ್ಣಮುಂದೆ ಬಂದು ನಿಲ್ಲುವುದುಂಟು. ಹಣ ಕೊಟ್ಟವನ ಮಾತು ಕಥೆಯಲ್ಲಿಯೂ ನಡೆಯುವುದು ಆ ವ್ಯವಸಾಯದ ಕಟ್ಟಳೆ. ಈ ಕಟ್ಟಳೆಗೆ ಒಳಪಡೆನೆಂದು ಹಟಹಿಡಿದು, ಅದರ ಫಲವನ್ನು ತಾವೇ ಉಂಡವರಲ್ಲಿ ಮಲೆಯಾಳ ದೇಶದ ಜಾನ್ ಅಬ್ರಹಾಮರು ಒಬ್ಬರು. (ಇದೇ ಹೆಸರಿನ ಹಿಂದಿ ನಟರು ಬೇರೆ, ವಾಚಕರು ಭ್ರಮಿಸಬಾರದು.)

ಇವರು ಹುಟ್ಟಿದುದು 1937ರಲ್ಲಿ. ಕಾಲೇಜು ವ್ಯಾಸಂಗವಾದ ಮೇಲೆ ಜೀವವಿಮಾ ನಿಗಮವನ್ನು ಸೇರಿ ನಮ್ಮ ಬಳ್ಳಾರಿಯಲ್ಲಿ ಕೆಲವು ಕಾಲ ಇದ್ದರು. ಸ್ಥಿರವಾದ ಸಂಬಳವುಳ್ಳ ಆ ಉದ್ಯೋಗವನ್ನು ಬಿಟ್ಟು ಪುಣೆಯ ಚಲಚ್ಚಿತ್ರ ಶಿಕ್ಷಣಸಂಸ್ಥೆಗೆ ಹೊರಟರು. ಮನೆಯವರಿಗೆ ಎಷ್ಟು ಸಂಕಟವಾಗಿರಬಹುದೆಂಬುದನ್ನು ಮಕ್ಕಳೊಂದಿಗರಾದ ನಾವು ಊಹಿಸಬಲ್ಲೆವು. ಪುಣೆಯಲ್ಲಿ ವಂಗದೇಶದ ಋತ್ವಿಕ್ ಘಟಕರು ಇವರಿಗೆ ಗುರುಗಳಾಗಿ ದೊರೆತರು. 1972ರಲ್ಲಿ ಮೊದಲನೆಯ ಚಿತ್ರ ಹೊರಬಂದಿತು. ಅದರ ವಿಷಯವಾಗಿ ಹೆಚ್ಚು ಹೇಳತಕ್ಕದ್ದಿಲ್ಲ.

ಇವರ ಹೆಸರು ವಿವಾದಕ್ಕೆ ಗುರಿಯಾದುದು 1977ರ ‘ಅಗ್ರಹಾರತ್ತಿಲ್ ಕಳುದೈ’ ಎಂಬ ತಮಿಳು ಚಿತ್ರದಿಂದ. ‘ಕಳುದೈ’ ಎಂದರೆ ನಮ್ಮ ಕತ್ತೆಯೇ. ಹಳಗನ್ನಡದ ‘ಕೞ್ತೆ’ಯನ್ನು ಬಲ್ಲವರಿಗೆ ಬಿಡಿಸಿ ಹೇಳಬೇಕಾದುದಿಲ್ಲ. ತಾಯಿಯನ್ನು ಕಳೆದುಕೊಂಡ ಕತ್ತೆಮರಿಯೊಂದನ್ನು ನಾರಾಯಣಸ್ವಾಮಿಯೆಂಬ ಅಧ್ಯಾಪಕನು ಸಾಕುತ್ತಾನೆ. ಕಾಲೇಜಿನಲ್ಲಿ ನಗೆಗೀಡಾಗಲು, ಅದನ್ನು ತನ್ನ ಊರಾದ ಅಗ್ರಹಾರಕ್ಕೆ ಒಯ್ದು, ಮಾತುಬಾರದ ಹುಡುಗಿಯೊಬ್ಬಳ ಆರೈಕೆಯಲ್ಲಿ ಬಿಡುತ್ತಾನೆ. ಊರಿನ ಕೇಡುಗಳೆಲ್ಲವೂ ಕತ್ತೆಯ ತಲೆಗೆ ಬರುತ್ತವೆ. ಆ ಹುಡುಗಿಗೆ ಹುಟ್ಟಿದ ಸತ್ತ ಶಿಶು ದೇವಾಲಯದ ಬಳಿ ದೊರೆತಾಗ, ಜನರು ಕತ್ತೆಯನ್ನೇ ಅಪಶಕುನವೆಂದು ಕೊಲ್ಲಿಸುತ್ತಾರೆ. ಬಳಿಕ ಏನೋ ಶುಭಗಳು ಒದಗಲು, ಕೊಂದವರೇ ಅದಕ್ಕೆ ಗುಡಿ ಕಟ್ಟಲು ಹವಣಿಸುತ್ತಾರೆ!

ಅಧ್ಯಾಪಕನ ಪಾತ್ರವನ್ನು ಧರಿಸಿದವರು ಸಂಗೀತ ನಿರ್ದೇಶಕರಾದ ಎಂ. ಬಿ. ಶ್ರೀನಿವಾಸನ್. ತಮಿಳಿನ ಅತ್ಯುತ್ತಮ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಬಂದರೂ ಬ್ರಾಹ್ಮಣ ಸಮಾಜದವರಲ್ಲಿ ಅನೇಕರು ಇದು ತಮ್ಮನ್ನು ಹಳಿಯುವುದೆಂದು ಕೋಪಗೊಂಡರು; ದೂರದರ್ಶನದಲ್ಲಿ ಗೊತ್ತಾಗಿದ್ದ ಪ್ರದರ್ಶನವೂ ನಿಂತುಹೋಯಿತು. ಆ ನೋವು ನಿಷ್ಕಾರಣವೆಂದು ನಾವು ಹೇಳೆವು. ಕಥೆಯ ಕೊರಡೇಟು ಒಂದು ಜಾತಿಯ ಬೀದಿಯಲ್ಲಿಯೇ ಬೀಳುತ್ತದೆ. ಆದರೂ ದುರ್ಬಲವಾದ ಪ್ರಾಣಿಯ ಮೇಲೆ ತಪ್ಪು ಹೊರಿಸಿ ಹಗುರಾಗುವ ಗುಣ ಯಾವ ಕೇರಿಯಲ್ಲಿಲ್ಲ?

1979ರ ‘ಚೆರಿಯಾಚ್ಚಂಟೆ ಕ್ರೂರಕೃತ್ಯಙ್ಙಳ್’ ಚಿತ್ರದಲ್ಲಿ ಹಾಸ್ಯನಟರಾದ ಅಡೂರ್ ಭಾಸಿಯವರಿಂದ ಭಯಗ್ರಸ್ತನಾದ ಜಮೀನುದಾರನ ಪಾತ್ರವನ್ನು ಮಾಡಿಸಿದರು. ಅದಕ್ಕಾಗಿ ಭಾಸಿಯವರಿಗೆ ಕೇರಳ ಸರಕಾರದ ಪ್ರಶಸ್ತಿಯೂ ಬಂದಿತು.

ಆದರೆ ಬಂಡವಾಳದ ತೊಡಕು ತೊಡಕಾಗಿಯೇ ಉಳಿದಿತ್ತು. 1984ರಲ್ಲಿ ಗೆಳೆಯರೊಡನೆ ‘ಒಡೆಸ್ಸಾ’ ಎಂಬ ಕೂಟವನ್ನು ಕಟ್ಟಿದರು. ಇವರು ಊರೂರು ತಿರುಗಿ, ಚಾಪ್ಲಿನ್ನರ ‘ದಿ ಕಿಡ್’ ಚಿತ್ರವನ್ನು ತೋರಿಸಿ, ನೆರೆದ ಜನರಿಂದ ಅಲ್ಪಸ್ವಲ್ಪ ಕಾಣಿಕೆ ಎತ್ತಿದರು. ಹರಿದಾಸರು ಮನೆಮನೆಯ ಅಕ್ಕಿಯಿಂದ ಉತ್ಸವ ನಡೆಯಿಸಿದಂತಾಯಿತು! ಆ ಹಣದಿಂದಾದುದೇ 1986ರ ‘ಅಮ್ಮ ಅರಿಯಾನ್’. ಅಮ್ಮನು ಅರಿಯಲೆಂದು ಎಂಬರ್ಥ. ವೈನಾಡಿನಲ್ಲಿ ನೇಣಿಗೆ ಸಿಕ್ಕ ತರುಣನೊಬ್ಬನ ಶವವನ್ನು ಕಂಡ ಪುರುಷನ್ ಎಂಬಾತನು, ಆ ವಾರ್ತೆಯನ್ನು ಅವನ ತಾಯಿಗೆ ಮುಟ್ಟಿಸಲು ಕೊಚ್ಚಿಯವರೆಗೆ ಹೋಗುತ್ತಾನೆ. ದಾರಿಯುದ್ದಕ್ಕೂ ಸತ್ತವನ ಸ್ನೇಹಿತರು ಒಬ್ಬೊಬ್ಬರಾಗಿ ಕೂಡಿಕೊಳ್ಳುತ್ತಾರೆ. ಚಿತ್ರವು ನಿಧಾನವಾದುದು, ವಿನೋದಕ್ಕೆಂದು ಕುಳಿತವರು ಬೇಸರಪಟ್ಟಾರು. ಮಕ್ಕಳನ್ನು ಹೆತ್ತವರಿಗೆ ಮಾತ್ರ ಆ ನಡಿಗೆ ಬೇಗ ಮರೆಯುವಂಥದಲ್ಲ.

ಜಾನರ ಬಾಳು ಒಪ್ಪವಾಗಿರಲಿಲ್ಲ. ಮದ್ಯಪಾನವೂ ಅಲೆದಾಟವೂ ಅವರಿಗೆ ಅಂಟಿದ್ದುವು. ಇದನ್ನೇ ಪ್ರತಿಭೆಯ ಲಕ್ಷಣವೆಂದು ಹೊಗಳುವವರ ಮಾತು ನಮಗೆ ಸಮ್ಮತವಲ್ಲ. 1987ರ ಮೇ ತಿಂಗಳ ಕೊನೆಯಲ್ಲಿ ಕೋಳಿಕೋಡಿನ ಕಟ್ಟಡವೊಂದರ ಮೇಲಿನಿಂದ ಬಿದ್ದು ತೀರಿಕೊಂಡರು. ಆಗ ಅವರಿಗೆ ಐವತ್ತು ತುಂಬಿರಲಿಲ್ಲ. ಮಾಡಿ ಮುಗಿಸಿದ ಕಥಾಚಿತ್ರಗಳು ನಾಲ್ಕೇ.