ಕೊರಳಿನ ಬಿಲ್ಲೆ, ಕೈಯಲ್ಲಿನ ಫೋನು

ಕಳೆದ ದೀಪಾವಳಿಯ ಪಾಡ್ಯದಂದು ಬೆಳಗ್ಗೆ ನಮ್ಮ ಕಚೇರಿಯ ಬೀಗ ತೆರೆಯುವುದಕ್ಕೆ ಮೊದಲೇ ಹಿರಿಯರೊಬ್ಬರು ಮೆಟ್ಟಿಲಿನ ಮೇಲೆ ಬಂದು ಕುಳಿತಿದ್ದರು. ಸ್ವಾರಗೇಟಿನ ಬಳಿಯ ಹೋಟೆಲೊಂದರಲ್ಲಿ ಇಪ್ಪತ್ತು ವರ್ಷಗಳಿಗೂ ಮಿಕ್ಕಿ ಅಡಿಗೆಯ ಹೊಣೆ ಹೊತ್ತಿರುವ ಭಟ್ಟರು ಅವರು. ಹಬ್ಬದ ದಿನವಾದರೂ ಮುಖದಲ್ಲಿ ಹಬ್ಬದ ಕಳೆಯಿರಲಿಲ್ಲ. ಹೋಟೆಲಿನ ಬಿಲ್ಲಿನ ಬೆನ್ನಿಗೆ ಬರೆದು ತಂದಿದ್ದ ನಾಲ್ಕು ಸಾಲುಗಳನ್ನು ನಮ್ಮ ಮುಂದಿಟ್ಟು, "ಶೆಟ್ರೇ, ಎಷ್ಟು ಹಣವಾದರೂ ಆಗಲಿ, ನಾಳೆಯ ಪತ್ರಿಕೆಯಲ್ಲಿಯೇ ಇದು ಬರಬೇಕು" ಎಂದರು.

ಓದಿ ನೋಡಿದೆವು. ಕಪ್ಪು ನಾಯಿ, ಎದೆಯ ಮೇಲೆ ಬಿಳಿಯ ಮಚ್ಚೆ, ಹೆಸರು ಕರಿಯ. ಕಂಡವರು ದಯವಿಟ್ಟು ತಿಳಿಸಬೇಕು. ಲಕ್ಷ್ಮೀಪೂಜೆಯ ರಾತ್ರಿ ಪಟಾಕಿಯ ಸರ ಸಿಡಿದೊಡನೆ ಅದು ಹೋಟೆಲಿನ ಹಿತ್ತಲ ಬಾಗಿಲಿನಿಂದ ಓಡಿತ್ತು, ಮತ್ತೆ ಕಂಡಿರಲಿಲ್ಲ. ಮನುಷ್ಯನ ಕಿವಿಯು ಸೆಕೆಂಡಿಗೆ ಸುಮಾರು 20,000 ಕಂಪನಗಳವರೆಗಿನ ಶಬ್ದವನ್ನು ಗ್ರಹಿಸಿದರೆ, ನಾಯಿಯ ಕಿವಿಯು 40,000ಕ್ಕೂ ಮೇಲಿನದನ್ನು ಗ್ರಹಿಸಬಲ್ಲುದು. ನಮಗೆ ಹಬ್ಬವಾದುದು ಅದಕ್ಕೆ ಪ್ರಳಯವಾಗುವುದರಲ್ಲಿ ಆಶ್ಚರ್ಯವಿಲ್ಲ.

"ಕೊರಳಿನಲ್ಲಿ ಗುರುತೇನಾದರೂ ಇತ್ತೇ ಭಟ್ರೇ?" ಎಂದು ಕೇಳಿದೆವು.

"ಉಂಟು. ನಮ್ಮ ಮಾಣಿಯೊಬ್ಬ ಬಿಲ್ಲೆಯೊಂದನ್ನು ಕಟ್ಟಿದ್ದಾನೆ. ಕಳೆದುಹೋದರೆ ಫೋನಿನಲ್ಲಿ ಕಾಣುತ್ತದಂತೆ."

"ಯಾರ ಫೋನಿನಲ್ಲಿ?"

"ಅವನ ಫೋನಿನಲ್ಲಿ."

"ಅವನೆಲ್ಲಿ?"

ಭಟ್ಟರು ಕ್ಷಣಕಾಲ ಸುಮ್ಮನಾದರು. "ಮಳೆಗಾಲಕ್ಕೆ ಮುಂಚೆಯೇ ಕೆಲಸ ಬಿಟ್ಟು ಬೈಂದೂರಿಗೆ ಹೋದ. ನಂಬರೂ ಬದಲಾಗಿದೆ."

ಬೀಗ ಪುಣೆಯಲ್ಲಿ, ಬೀಗದ ಕೈ ಬೈಂದೂರಿನಲ್ಲಿ! ಇದು ಭಟ್ಟರೊಬ್ಬರ ಕಥೆಯಲ್ಲ. ಕೆಲಸ, ಕೋಣೆ, ಸಿಮ್ಮು ಇವೆಲ್ಲವನ್ನೂ ಮೇಲಿಂದ ಮೇಲೆ ಬದಲಿಸಬೇಕಾಗುವ ನಮ್ಮಂತಹವರ ನಡುವೆ ಇಂತಹದು ಯಾರಿಗೂ ಆಗಬಹುದು. ಆದುದರಿಂದ ಈ ಬಿಲ್ಲೆಗಳೆಂದರೇನು, ಅವುಗಳನ್ನು ಫೋನಿಗೆ ಜೋಡಿಸುವುದು ಹೇಗೆ, ಎಲ್ಲಿ ತಪ್ಪುವುದು ಎಂಬುದನ್ನು ವಾಚಕರ ಮುಂದಿಡುವುದು ನಮ್ಮ ಕರ್ತವ್ಯವೆಂದು ಭಾವಿಸಿದ್ದೇವೆ.

ಮೂರು ಬಗೆಯ ಗುರುತುಗಳು

ಪೇಟೆಯಲ್ಲಿ ದೊರೆಯುವ ಗುರುತುಗಳು ಮೂರು ಬಗೆಯವು. ಇವನ್ನು ಒಂದೇ ಎಂದು ತಿಳಿದು ಹಣ ಕಳೆದುಕೊಂಡವರು ಬಹಳ ಮಂದಿ.

ಮೊದಲನೆಯದು ಬ್ಲೂಟೂತ್ ಬಿಲ್ಲೆ. ಆ್ಯಪಲ್ ಕಂಪೆನಿಯ ಏರ್‌ಟ್ಯಾಗ್ 2021ರಲ್ಲಿ 3,190 ರೂಪಾಯಿ ಬೆಲೆಗೆ ನಮ್ಮ ದೇಶಕ್ಕೆ ಬಂದಿತು. ಸ್ಯಾಮ್‌ಸಂಗ್ ಕಂಪೆನಿಯ ಸ್ಮಾರ್ಟ್‌ಟ್ಯಾಗ್ ಹೊರಬಂದುದೂ ಅದೇ ವರ್ಷ. 2024ರ ಡಿಸೆಂಬರಿನಲ್ಲಿ ಜಿಯೋ ಕಂಪೆನಿಯು ಜಿಯೋಟ್ಯಾಗ್ ಗೋ ಎಂಬುದನ್ನು 1,499 ರೂಪಾಯಿಗೆ ಮಾರಾಟಕ್ಕಿಟ್ಟಿತು. ಈ ಬಿಲ್ಲೆಗೆ ತಾನು ಎಲ್ಲಿದ್ದೇನೆಂಬುದು ತನಗೇ ತಿಳಿಯದು. ಅದು "ನಾನಿದ್ದೇನೆ, ನಾನಿದ್ದೇನೆ" ಎಂದು ಮೆಲ್ಲನೆ ಕೂಗುತ್ತಿರುವುದು, ಅಷ್ಟೆ. ಸಮೀಪದಲ್ಲಿ ಹಾದುಹೋಗುವ ಯಾರದಾದರೊಂದು ಫೋನು ಆ ಕೂಗನ್ನು ಕೇಳಿ, ತಾನಿರುವ ಸ್ಥಳವನ್ನು ಗುಟ್ಟಾಗಿ ಕಂಪೆನಿಯ ಯಂತ್ರಕ್ಕೆ ತಿಳಿಸುವುದು. ಅಲ್ಲಿಂದ ಅದು ಒಡೆಯನ ಫೋನಿಗೆ ಬರುವುದು. ದಾರಿಹೋಕನಿಗೆ ತಾನು ಈ ಉಪಕಾರ ಮಾಡಿದುದೇ ತಿಳಿಯದು. ಲಕ್ಷ್ಮೀ ರಸ್ತೆಯಂತಹ ಜನಸಂದಣಿಯಲ್ಲಿ ಇದು ಚೆನ್ನಾಗಿ ನಡೆಯುತ್ತದೆ. ನಿರ್ಜನ ಪ್ರದೇಶದಲ್ಲಿ ಕೂಗನ್ನು ಕೇಳುವವರೇ ಇಲ್ಲ. ಏರ್‌ಟ್ಯಾಗ್ ವಸ್ತುಗಳಿಗಾಗಿ ಮಾಡಿದುದೇ ಹೊರತು ಸಾಕುಪ್ರಾಣಿಗಳಿಗಾಗಿ ಅಲ್ಲವೆಂದು ಆ್ಯಪಲ್ ಕಂಪೆನಿಯವರೇ ಹೇಳಿರುವರೆಂಬುದನ್ನು ನೆನಪಿನಲ್ಲಿಡಬೇಕು.

ಎರಡನೆಯದು ಜಿ.ಪಿ.ಎಸ್. ಯಂತ್ರ. ಉಪಗ್ರಹವು ಆಕಾಶದಿಂದ ನಮ್ಮ ನಾಯಿಯನ್ನು ನೋಡುತ್ತಿರುವುದೆಂದು ಅನೇಕರು ನಂಬಿರುವರು. ಇದು ತಪ್ಪು. ಭೂಮಿಯಿಂದ ಸುಮಾರು 20,200 ಕಿಲೋಮೀಟರು ಎತ್ತರದಲ್ಲಿ ಸುತ್ತುವ ಈ ಉಪಗ್ರಹಗಳು ಸದಾ ಹೊತ್ತನ್ನು ಸಾರುತ್ತಿರುವುವು. ಕೊರಳಿನ ಯಂತ್ರವು ಕಡಮೆಯೆಂದರೆ ನಾಲ್ಕು ಉಪಗ್ರಹಗಳ ಮಾತನ್ನು ಕೇಳಿ, ಲೆಕ್ಕ ಹಾಕಿ, ತಾನಿರುವ ಸ್ಥಳವನ್ನು ಕಂಡುಕೊಳ್ಳುತ್ತದೆ. ಕಂಡುಕೊಂಡುದನ್ನು ನಮಗೆ ತಿಳಿಸಬೇಕಾದರೆ ಅದರೊಳಗೆ ಒಂದು ಸಿಮ್ಮು ಬೇಕು, ಆ ಸಿಮ್ಮಿಗೆ ಹಣ ತುಂಬಿರಬೇಕು. ಉಪಗ್ರಹವು ಹೇಳುವುದು ಯಂತ್ರಕ್ಕೆ; ನಮಗೆ ಹೇಳುವುದು ಸಿಮ್ಮು. ರೀಚಾರ್ಜು ಮುಗಿದ ದಿನ ಆಕಾಶದ ಉಪಗ್ರಹಗಳೆಲ್ಲ ಇದ್ದೂ ಇಲ್ಲದಂತೆ. ಇಂತಹದೇ ಸೇವೆಗಾಗಿ ನಮ್ಮ ದೇಶದ ನಾವಿಕ್ ಮಾಲೆಯ ಮೊದಲ ಉಪಗ್ರಹವು 2013ರ ಜುಲೈ 1ರಂದು ಗಗನಕ್ಕೇರಿತು. ಅದರ ಕೇಂದ್ರವು ಬೆಂಗಳೂರಿನ ಹತ್ತಿರದ ಬ್ಯಾಲಾಳಿನಲ್ಲಿರುವುದು ಕನ್ನಡಿಗರು ಹೆಮ್ಮೆಪಡತಕ್ಕ ಸಂಗತಿ.

ಯಾವುದನ್ನು ಕೊಳ್ಳಬೇಕೆಂಬುದು ನಾಯಿಯನ್ನೂ ಜಾಗವನ್ನೂ ಅವಲಂಬಿಸಿದೆ. ನಮ್ಮ ಬಾಗಲಕೋಟೆ ಜಿಲ್ಲೆಯ ಮುಧೋಳದ ಬೇಟೆನಾಯಿಯನ್ನು ಈಗ ಪುಣೆಯಲ್ಲಿಯೂ ಸಾಕುವವರುಂಟು. 2005ರಲ್ಲಿ ಅಂಚೆ ಇಲಾಖೆಯು ಚೀಟಿಯ ಮೇಲೆ ಅಚ್ಚು ಹಾಕಿ ಗೌರವಿಸಿದ ತಳಿ ಅದು. ಕಣ್ಣಿಗೆ ಬಿದ್ದ ಬೇಟೆಯನ್ನು ಅಟ್ಟಿಹೋಗುವುದು ಅದರ ಹುಟ್ಟುಗುಣ. ವೇತಾಳ ಟೇಕಡಿಯ ಮೇಲೆ ಅದು ಒಮ್ಮೆ ಓಟ ಕಿತ್ತಿತೆಂದರೆ ಬ್ಲೂಟೂತ್ ಬಿಲ್ಲೆಯಿಂದ ಪ್ರಯೋಜನ ಅಲ್ಪ, ಜಿ.ಪಿ.ಎಸ್. ಯಂತ್ರವೇ ಬೇಕು. ಹೋಟೆಲಿನ ಹಿತ್ತಲಲ್ಲಿ ಮಲಗಿ, ಓಣಿಯ ತುದಿಯವರೆಗೆ ಹೋಗಿಬರುವ ಕರಿಯನಂತಹ ನಾಯಿಗೆ ಬಿಲ್ಲೆಯೇ ಸಾಕು.

ಮೂರನೆಯದು ಚರ್ಮದಡಿಯಲ್ಲಿ ಪಶುವೈದ್ಯರು ಇರಿಸುವ ಚಿಪ್ಪು. ಅಕ್ಕಿಯ ಕಾಳಿನಷ್ಟು ಗಾತ್ರದ ಇದರಲ್ಲಿ ಬ್ಯಾಟರಿಯಿಲ್ಲ. 15 ಅಂಕಿಗಳ ಒಂದು ಸಂಖ್ಯೆ ಮಾತ್ರ ಇರುವುದು. ಸ್ಕ್ಯಾನರನ್ನು ಮೈಯ ಬಳಿಗೆ ಹಿಡಿದರೆ ಆ ಸಂಖ್ಯೆ ಕಾಣುವುದು. ಇದು ಫೋನಿನ ನಕ್ಷೆಯಲ್ಲಿ ಎಂದಿಗೂ ಮೂಡದು. ಸಿಕ್ಕಿದ ನಾಯಿ ಯಾರದೆಂದು ಹೇಳಬಲ್ಲುದೇ ಹೊರತು ಕಳೆದ ನಾಯಿ ಎಲ್ಲಿದೆಯೆಂದು ಹೇಳಲಾರದು.

ಜೋಡಿಸುವ ಕ್ರಮ

ಕೊಳ್ಳುವುದಕ್ಕೆ ಮೊದಲು ನಿಮ್ಮ ಫೋನು ಯಾವುದೆಂಬುದನ್ನು ನೋಡಿಕೊಳ್ಳಿ. ಏರ್‌ಟ್ಯಾಗ್ ಐಫೋನಿಗೆ ಮಾತ್ರ ಜೋಡಣೆಯಾಗುತ್ತದೆ; ಸ್ಮಾರ್ಟ್‌ಟ್ಯಾಗ್ ಸ್ಯಾಮ್‌ಸಂಗ್ ಗ್ಯಾಲಕ್ಸಿ ಫೋನುಗಳಿಗೆ ಮಾತ್ರ; ಗೂಗಲ್ ಸಂಸ್ಥೆಯ ಫೈಂಡ್ ಹಬ್ ವ್ಯವಸ್ಥೆಗಾಗಿ ಮಾಡಿದ ಜಿಯೋಟ್ಯಾಗ್ ಗೋ ಮೊದಲಾದವು ಆಂಡ್ರಾಯ್ಡ್ ಫೋನುಗಳಿಗೆ. ನಮ್ಮ ಹುಡುಗರಲ್ಲಿ ಹೆಚ್ಚಿನವರ ಕೈಯಲ್ಲಿರುವುದು ಆಂಡ್ರಾಯ್ಡ್. ಗೆಳೆಯನ ಐಫೋನಿನಲ್ಲಿ ಚೆನ್ನಾಗಿ ಕಂಡಿತೆಂದು ಏರ್‌ಟ್ಯಾಗ್ ಕೊಂಡುಬಂದರೆ ಅದು ನಾಯಿಯ ಕೊರಳಿಗೆ ಒಡವೆಯಾದೀತು, ಅಷ್ಟೆ.

ಬ್ಲೂಟೂತ್ ಬಿಲ್ಲೆಯಾದರೆ ಫೋನಿನಲ್ಲಿ ಬ್ಲೂಟೂತ್, ಲೊಕೇಶನ್, ಇಂಟರ್‌ನೆಟ್ ಈ ಮೂರನ್ನೂ ತೆರೆದಿಡಬೇಕು. ಬಿಲ್ಲೆಯೊಳಗಿನ ಪ್ಲಾಸ್ಟಿಕ್ ಪಟ್ಟಿಯನ್ನು ಎಳೆದು ತೆಗೆದು, ಗುಂಡಿಯಿದ್ದರೆ ಒತ್ತಿ, ಫೋನಿನ ಪಕ್ಕದಲ್ಲಿ ಹಿಡಿಯಬೇಕು. ಪರದೆಯ ಮೇಲೆ ಅದರ ಚಿತ್ರ ಮೂಡಿದಾಗ ಜೋಡಿಸಲು ಒಪ್ಪಿಗೆ ಕೊಟ್ಟು, ನಾಯಿಯ ಹೆಸರನ್ನು ಬರೆಯಬೇಕು. ಐದು ನಿಮಿಷದ ಕೆಲಸವಿದು.

ಜಿ.ಪಿ.ಎಸ್. ಯಂತ್ರವಾದರೆ ಮೊದಲು ಪೂರ್ತಿ ಚಾರ್ಜು ಮಾಡಿ, ಸಿಮ್ಮು ಚಾಲನೆಯಲ್ಲಿದೆಯೇ ಎಂದು ನೋಡಿಕೊಳ್ಳಬೇಕು. ಆ ಕಂಪೆನಿಯ ಆ್ಯಪನ್ನು ಫೋನಿಗೆ ಇಳಿಸಿಕೊಂಡು, ಖಾತೆ ತೆರೆದು, ಡಬ್ಬಿಯ ಮೇಲಿನ ಕ್ಯೂ.ಆರ್. ಚೌಕವನ್ನು ಕ್ಯಾಮರಾದಿಂದ ತೋರಿಸಬೇಕು. ಇಲ್ಲವೇ ಯಂತ್ರದ ಸಂಖ್ಯೆಯನ್ನು ಟೈಪು ಮಾಡಬೇಕು. ಬಳಿಕ ಯಂತ್ರವನ್ನು ಬಯಲಿಗೆ ತಂದು ಕೆಲವು ನಿಮಿಷ ಇಡಬೇಕು. ಅಡಿಗೆಮನೆಯ ತಗಡಿನ ಮಾಡಿನಡಿಯಲ್ಲಿ ಕುಳಿತು "ಸಿಗ್ನಲ್ ಬರಲಿಲ್ಲ" ಎಂದು ಗೊಣಗಿದರೆ ತಪ್ಪು ಯಂತ್ರದ್ದಲ್ಲ. ಈ ಬಗೆಯ ಅನೇಕ ಆ್ಯಪುಗಳಲ್ಲಿ ನಕ್ಷೆಯ ಮೇಲೆ ಒಂದು ವೃತ್ತವನ್ನು ಎಳೆದಿಡಬಹುದು. ನಾಯಿ ಅದನ್ನು ದಾಟಿದೊಡನೆ ಫೋನು ಎಚ್ಚರಿಸುವುದು. ಆದರೆ ಆ ಆ್ಯಪಿಗೆ ಸೂಚನೆ ಕಳುಹಿಸುವ ಅನುಮತಿಯನ್ನು ಕೊಟ್ಟಿರಬೇಕು, ಬ್ಯಾಟರಿ ಉಳಿಸುವ ಏರ್ಪಾಡು ಅದನ್ನು ಮಲಗಿಸದಂತೆಯೂ ನೋಡಿಕೊಳ್ಳಬೇಕು.

ಜೋಡಿಸಿದ ದಿನವೇ ಪರೀಕ್ಷೆ ಮಾಡತಕ್ಕದ್ದು. ಗೆಳೆಯನೊಬ್ಬನ ಕೈಗೆ ಬಿಲ್ಲೆಯನ್ನು ಕೊಟ್ಟು ನಾಲ್ಕು ಓಣಿ ಆಚೆಗೆ ಕಳುಹಿಸಿ, ಫೋನು ಏನು ಹೇಳುವುದೆಂದು ನೋಡಿರಿ. ಸ್ಥಳದೊಂದಿಗೆ ತೋರಿಸುವ ಹೊತ್ತನ್ನೂ ಓದಬೇಕು. ಬಿಲ್ಲೆಯನ್ನು ಕಡೆಯ ಸಲ ಒಂದು ಫೋನು ಕಂಡ ಹೊತ್ತು ಅದು. ನಾಯಿ ಈಗ ಅಲ್ಲಿಯೇ ಇದೆಯೆಂದು ಅದರ ಅರ್ಥವಲ್ಲ.

ಜೋಡಣೆ ಫೋನಿಗಲ್ಲ, ಖಾತೆಗೆ

ಎಲ್ಲಕ್ಕಿಂತ ಮುಖ್ಯವಾದ ಮಾತು ಇದು. ಬಿಲ್ಲೆಯು ಫೋನೆಂಬ ವಸ್ತುವಿಗೆ ಅಂಟಿಕೊಳ್ಳುವುದಲ್ಲ, ಆ ಫೋನಿನಲ್ಲಿರುವ ಖಾತೆಗೆ ಅಂಟಿಕೊಳ್ಳುವುದು. ಖಾತೆಯ ಹೆಸರೂ ಪಾಸ್‌ವರ್ಡೂ ನೆನಪಿದ್ದರೆ ಫೋನು ಒಡೆದುಹೋದರೂ ಚಿಂತೆಯಿಲ್ಲ, ಹೊಸ ಫೋನಿನಲ್ಲಿ ಎಲ್ಲವೂ ಕಾಣುವುದು. ಅವು ಮರೆತುಹೋದರೆ ಫೋನು ಕೈಯಲ್ಲಿದ್ದೂ ನಿಷ್ಫಲ. ಖಾತೆಗೆ ಕೊಟ್ಟ ಸಿಮ್ಮು ನಿಂತುಹೋಗಿದ್ದರೆ ಓ.ಟಿ.ಪಿ. ಬರುವುದೂ ಇಲ್ಲ. ನಂಬರು ಬದಲಿಸಿದವರು ಖಾತೆಯಲ್ಲಿಯೂ ಅದನ್ನು ಬದಲಿಸಿಕೊಳ್ಳಬೇಕು.

ಮೊದಲ ಖಾತೆಯವನು ತಾನಾಗಿ ಬಿಡುಗಡೆ ಮಾಡದೆ ಏರ್‌ಟ್ಯಾಗಿನಂತಹ ಬಿಲ್ಲೆಯನ್ನು ಇನ್ನೊಬ್ಬರ ಖಾತೆಗೆ ಸೇರಿಸುವಂತಿಲ್ಲ. ಕಳ್ಳರಿಂದ ಕಾಪಾಡಲು ಮಾಡಿದ ಕಟ್ಟಳೆಯಿದು. ಆದಕಾರಣ ಊರಿಗೆ ಹೊರಟ ಹುಡುಗನಿಂದ ಲೆಕ್ಕಪತ್ರ ಚುಕ್ತಾ ಮಾಡಿಸಿಕೊಳ್ಳುವಂತೆ, ಬಿಲ್ಲೆಯನ್ನೂ ಆತನ ಖಾತೆಯಿಂದ ಬಿಡಿಸಿಕೊಳ್ಳಬೇಕು. ಸೆಕೆಂಡ್‌ಹ್ಯಾಂಡ್ ಬಿಲ್ಲೆ ಕೊಳ್ಳುವವರಿಗೂ ಇದೇ ಮಾತು.

ನಾಯಿಯನ್ನು ಹಲವರು ನೋಡಿಕೊಳ್ಳುವಲ್ಲಿ ಹಂಚಿಕೊಳ್ಳುವ ಏರ್ಪಾಡೂ ಉಂಟು. 2023ರಿಂದ ಏರ್‌ಟ್ಯಾಗನ್ನು ಇನ್ನೂ ಐವರೊಡನೆ ಹಂಚಿಕೊಳ್ಳಬಹುದಾಗಿದೆ. ಹಂಚಿಕೊಳ್ಳದೆ ಇನ್ನೊಬ್ಬನು ನಾಯಿಯನ್ನು ತಿರುಗಾಡಿಸಲು ಒಯ್ದರೆ, ಅಪರಿಚಿತ ಬಿಲ್ಲೆಯೊಂದು ನಿಮ್ಮೊಡನೆ ಬರುತ್ತಿದೆಯೆಂದು ಆತನ ಫೋನು ಎಚ್ಚರಿಸಬಹುದು. ಮನುಷ್ಯರ ಬೆನ್ನು ಹತ್ತಲು ಇಂತಹ ಬಿಲ್ಲೆಗಳನ್ನು ಬಳಸಿದವರಿದ್ದುದರಿಂದ, 2024ರ ಮೇ ತಿಂಗಳಿನಲ್ಲಿ ಆ್ಯಪಲ್ ಮತ್ತು ಗೂಗಲ್ ಸಂಸ್ಥೆಗಳು ಒಂದಾಗಿ ಈ ಎಚ್ಚರಿಕೆಯನ್ನು ಎರಡು ಬಗೆಯ ಫೋನುಗಳಲ್ಲಿಯೂ ಜಾರಿಗೆ ತಂದವು. ಧಣಿಗಳೂ ಇದನ್ನು ಗಮನಿಸಬೇಕು. ಕೆಲಸದ ಹುಡುಗನ ಚೀಲದಲ್ಲಿ ಅವನಿಗೆ ತಿಳಿಯದಂತೆ ಬಿಲ್ಲೆಯಿಡುವುದು ಸಲ್ಲದು. ಅದು ನಾಯಿಯ ಕೊರಳಿಗೆ ಸರಿ, ಮನುಷ್ಯನಿಗಲ್ಲ.

ಬ್ಲೂಟೂತ್ ಬಿಲ್ಲೆಗಳೊಳಗೆ ಸಾಮಾನ್ಯವಾಗಿ ಸಿ.ಆರ್. 2032 ಎಂಬ ನಾಣ್ಯದಾಕಾರದ ಬ್ಯಾಟರಿಯಿರುವುದು. ಏರ್‌ಟ್ಯಾಗಿನಲ್ಲಿ ಅದು ವರ್ಷಕ್ಕೆ ಸಮೀಪ ಬಾಳುವುದು. ನಾಯಿ ಅದನ್ನು ಕಚ್ಚಿ ನುಂಗಿದರೆ ಕೆಲವೇ ಗಂಟೆಗಳಲ್ಲಿ ಅನ್ನನಾಳ ಸುಟ್ಟುಹೋಗುವ ಅಪಾಯವಿದೆ. ಕೂಡಲೆ ಪಶುವೈದ್ಯರಲ್ಲಿಗೆ ಒಯ್ಯಬೇಕು. ಬಿಲ್ಲೆಯನ್ನು ಜೋತಾಡುವಂತೆ ಬಿಡದೆ, ಪಟ್ಟಿಗೆ ಬಿಗಿಯಾಗಿ ಹೊಲಿದ ಚೀಲದಲ್ಲಿಡುವುದು ಲೇಸು.

ಕರಿಯ ಸಿಕ್ಕಿದ ಬಗೆ

ಭಟ್ಟರ ಜಾಹೀರಾತನ್ನು ತೆಗೆದುಕೊಂಡೆವು; ಜೊತೆಗೆ ಆ ಮಾಣಿಯನ್ನು ಹುಡುಕಲು ತೊಡಗಿದೆವು. ಬೈಂದೂರಿನ ಕಡೆಯವರು ಕೆಲಸಮಾಡುವ ನಾಲ್ಕು ಹೋಟೆಲುಗಳಿಗೆ ಫೋನು ಮಾಡಿದ ಮೇಲೆ, ಮಧ್ಯಾಹ್ನದ ಹೊತ್ತಿಗೆ ಅವನ ಹೊಸ ನಂಬರು ದೊರೆಯಿತು. ಹುಡುಗನಿಗೆ ಕರಿಯನ ಸುದ್ದಿ ಕೇಳಿ ಗಂಟಲು ಕಟ್ಟಿತು. ಆದರೆ ಅವನ ಹಳೆಯ ಫೋನು ತಮ್ಮನ ಕೈಯಲ್ಲಿ, ತಮ್ಮನು ಮಂಗಳೂರಿನಲ್ಲಿ. ಪಾಸ್‌ವರ್ಡು ಯಾರಿಗೂ ನೆನಪಿಲ್ಲ. ಹಳೆಯ ಸಿಮ್ಮು ನಿಂತು ತಿಂಗಳುಗಳಾಗಿದ್ದುವು. ತಮ್ಮನು ಆ ಫೋನನ್ನು ತೆರೆದು ನೋಡುವಷ್ಟರಲ್ಲಿ ಮರುದಿನ ಸಂಜೆಯಾಯಿತು.

ನಕ್ಷೆಯು ಗುಲಟೇಕಡಿಯ ಮಾರ್ಕೆಟ್ ಯಾರ್ಡನ್ನು ತೋರಿಸಿತು. ಕಂಡ ಹೊತ್ತು ಐದು ಗಂಟೆಗಳಷ್ಟು ಹಿಂದಿನದು. ಭಟ್ಟರು ತಲೆಯ ಮೇಲೆ ಕೈಯಿಟ್ಟುಕೊಂಡರು. ವಾರಕ್ಕೆರಡು ಬಾರಿ ತರಕಾರಿಗೆಂದು ಟೆಂಪೋದಲ್ಲಿ ಅಲ್ಲಿಗೆ ಹೋಗುವಾಗ ಕರಿಯನನ್ನೂ ಕೂರಿಸಿಕೊಂಡು ಹೋಗುತ್ತಿದ್ದವರು ಅವರೇ. ಹೆದರಿದ ಪ್ರಾಣಿಯು ತನಗೆ ತಿಳಿದಿದ್ದ ಇನ್ನೊಂದು ಜಾಗಕ್ಕೆ ಓಡಿತ್ತು.

ಈರುಳ್ಳಿಯ ಲಾರಿಯೊಂದರ ಕೆಳಗೆ ಅದು ಮಲಗಿತ್ತು. ಅಲ್ಲಿಯ ಹಮಾಲರು ಎರಡು ದಿನಗಳಿಂದ ತಮ್ಮ ಬುತ್ತಿಯ ಭಾಕರಿಯನ್ನೇ ಅದಕ್ಕೆ ಹಾಕಿ ಕಾಪಾಡಿದ್ದರು. "ಪಟ್ಟಿಯ ಮೇಲೆ ಒಂದು ಫೋನ್ ನಂಬರು ಇದ್ದಿದ್ದರೆ ಮೊನ್ನೆಯೇ ಫೋನು ಮಾಡುತ್ತಿದ್ದೆವಲ್ಲ!" ಎಂದು ಅವರಲ್ಲೊಬ್ಬನು ಮರಾಠಿಯಲ್ಲಿ ಹೇಳಿದನು. ಭಟ್ಟರಲ್ಲಿ ಅದಕ್ಕೆ ಉತ್ತರವಿರಲಿಲ್ಲ. ನಮ್ಮಲ್ಲಿಯೂ ಇರಲಿಲ್ಲ.

ಸಾವಿರ ರೂಪಾಯಿಗೆ ಮಿಕ್ಕಿದ ಬಿಲ್ಲೆಯನ್ನು ಕಟ್ಟಿದವರಿಗೆ ಹತ್ತು ಅಂಕಿಗಳನ್ನು ಬರೆಯುವುದು ಮರೆತಿತ್ತು. ಆ ಬರಹಕ್ಕೆ ಬ್ಯಾಟರಿ ಬೇಡ, ಸಿಮ್ಮು ಬೇಡ, ಪಾಸ್‌ವರ್ಡೂ ಬೇಡ. ನಾಯಿ ಸಾಕಿದವರು ಮಹಾನಗರಪಾಲಿಕೆಯ ಪರವಾನಗಿಯನ್ನೂ ರೇಬೀಸ್ ಲಸಿಕೆಯ ಕಾಗದವನ್ನೂ ಇಟ್ಟುಕೊಂಡಿರುವುದು ಅಷ್ಟೇ ಅಗತ್ಯ. ಗುರುತಿಲ್ಲದೆ ಅಲೆಯುವ ನಾಯಿಯನ್ನು ಬೀದಿನಾಯಿಯೆಂದೇ ಜನರು ಎಣಿಸುವರು.

ಈಗ ಕರಿಯನ ಬಿಲ್ಲೆಯು ಭಟ್ಟರ ಖಾತೆಯಲ್ಲಿದೆ. ಇನ್ನಿಬ್ಬರು ಸಪ್ಲಾಯರರ ಫೋನಿನಲ್ಲಿಯೂ ಅದು ಕಾಣುತ್ತದೆ. ಪಾಸ್‌ವರ್ಡನ್ನು ಭಟ್ಟರು ದೇವರ ಪಟದ ಹಿಂದೆ ಬರೆದಿಟ್ಟಿರುವರು. ಪಟ್ಟಿಯ ಮೇಲೆ ಹೋಟೆಲಿನ ನಂಬರನ್ನು ಬಿಳಿಯ ದಾರದಿಂದ ಹೊಲಿಸಿದ್ದಾರೆ.

ಪ್ರಿಯ ವಾಚಕರೇ, ನಿಮ್ಮಲ್ಲಿ ಯಾರಾದರೂ ನಾಯಿಯ ಕೊರಳಿಗೆ ಬಿಲ್ಲೆ ಕಟ್ಟಿದ್ದರೆ, ಇಂದು ರಾತ್ರಿ ಹೋಟೆಲು ಮುಚ್ಚಿದ ಮೇಲೆ ಅದು ಯಾರ ಖಾತೆಯಲ್ಲಿದೆಯೆಂದು ಒಮ್ಮೆ ನೋಡಿರಿ. ಆ ಖಾತೆಯವನು ಈಗ ಎಲ್ಲಿರುವನೆಂಬುದನ್ನೂ ವಿಚಾರಿಸಿರಿ. ಮುಂದಿನ ಪಟಾಕಿ ಸಿಡಿಯುವುದಕ್ಕೆ ಮೊದಲು ಆಗಬೇಕಾದ ಕೆಲಸ ಇದು.